ನಿರ್ದೇಶನ, ಕ್ಯಾಮೆರಾ ಎರಡನ್ನೂ ನಾನೇ ಮಾಡಿ ಸಿನಿಮಾ ತೆಗೆಯುವ ಆಸೆ. ಹೆಸರಘಟ್ಟದ ಸರ್ಕಾರಿ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಸೇರಲೇ, ಕ್ಯಾಮೆರಾ ಕೊಳ್ಳಲೇ?

ಕೈಯಲ್ಲಿ ಎಂಟು ಲಕ್ಷ ಇದೆ, ಕೆಲಸ ಬಿಡ್ತೀನಿ ಅಂತ ಬರೆದಿದ್ದೀರಲ್ಲ, 2018ರಲ್ಲಿ ನಾನೂ ಹೀಗೇ ಇದ್ದೆ. ನನ್ನ ಹತ್ತಿರ ಒಂಬತ್ತಿತ್ತು. ಅರ್ಧ ದುಡ್ಡು ಕ್ಯಾಮೆರಾ, ಲೆನ್ಸಿಗೇ ಹೋಯಿತು.

ಕಥೆ ಇಷ್ಟೇ: ರೈತನೊಬ್ಬ ತನ್ನ ಜೋಡಿ ಎತ್ತು ಮಾರುತ್ತಾನೆ. ತರೀಕೆರೆ ಹತ್ತಿರದ ಹಳ್ಳಿಯಲ್ಲಿ 19 ದಿನ ಶೂಟಿಂಗ್, ನಾವು ಐದೇ ಜನ. ಬೆಳಗಿನ ಚಳಿಯಲ್ಲಿ ಎತ್ತಿನ ಮೂಗಿಂದ ಹಬೆ ಏಳೋದು, ಹಿಂದಿನಿಂದ ಎಳೆಬಿಸಿಲು. ವ್ಯೂಫೈಂಡರಿಗೆ ಕಣ್ಣಿಟ್ಟವನು ತೆಗೆಯಲೇ ಇಲ್ಲ.

ಎಡವಿದ್ದು ಅಲ್ಲೇ. ಸಿನಿಮಾದಲ್ಲಿ ಪ್ರಾಣಿಯಿಂದ ಕೆಲಸ ಮಾಡಿಸಬೇಕಾದರೆ ಶೂಟಿಂಗಿಗೆ ಮೊದಲೇ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ ಬೇಕು. 'ಮೊದಲೇ' ಅನ್ನೋದನ್ನು ಇನ್ನೊಮ್ಮೆ ಓದಿ. ಹೊಸ ಕಾನೂನೇನಲ್ಲ, 2001ರ ನಿಯಮ. ಪ್ರಾಣಿ ಯಾವ ದೃಶ್ಯದಲ್ಲಿ ಏನು ಮಾಡುತ್ತದೆ ಅಂತ ಬರೆದುಕೊಡಬೇಕು, ಪಶುವೈದ್ಯರ ಪತ್ರ ಬೇಕು. ಮಂಡಳಿಯ ಕಚೇರಿ ಇರೋದು ಹರಿಯಾಣದ ಬಲ್ಲಭಗಢದಲ್ಲಿ. ಸೆನ್ಸಾರಿಗೆ ಕೊಟ್ಟಾಗ ಮಂಡಳಿಯ ಅನುಮತಿ ಪತ್ರ ಕೇಳಿದರು. "ದಿನಾ ಹೂಡೋ ಎತ್ತು ಸಾರ್, ಒಂದೇಟೂ ಹೊಡೆದಿಲ್ಲ" ಅಂದೆ, ಬೆಪ್ಪನ ಹಾಗೆ. ಹೊಡೆದೆನೋ ಬಿಟ್ಟೆನೋ ಯಾರು ಕೇಳಿದರು? ಮುಗಿದ ಶೂಟಿಂಗಿಗೆ ನನಗೆ ಅನುಮತಿ ಸಿಗಲಿಲ್ಲ. ಯೂಟ್ಯೂಬಿಗೆ ಹಾಕಿ ಸುಮ್ನಾಗಬಹುದಿತ್ತು, ಆದರೆ ಸರ್ಟಿಫಿಕೇಟ್ ಇಲ್ಲದೆ ಥಿಯೇಟರೂ ಇಲ್ಲ, ಸರ್ಕಾರದ ಸಬ್ಸಿಡಿಯೂ ಇಲ್ಲ. ಏಳು ತಿಂಗಳು ಅಲೆದು, ಕೊನೆಗೆ ಎತ್ತು ಕಾಣೋ ಶಾಟನ್ನೆಲ್ಲ ಕಿತ್ತೆ. ಎತ್ತಿನ ಕಥೆಯಲ್ಲಿ ಉಳಿದದ್ದು ಗಂಟೆ ಸದ್ದು. ಊರಿಗೆ ಒಯ್ದು ತೋರಿಸಿದಾಗ ಎತ್ತಿನ ಯಜಮಾನರು ಕೊನೆವರೆಗೂ ಕೂತಿದ್ದು, "ನಮ್ಮ ಬಸವ ಎಲ್ಲಪ್ಪಾ?" ಅಂದರು.

ಅನುಮತಿ, ಖರ್ಚು, ಏರ್ಪಾಡು ನೋಡಿಕೊಳ್ಳೋ ಅನುಭವಿ ಪ್ರೊಡಕ್ಷನ್ ಮ್ಯಾನೇಜರ್ ಇದ್ದಿದ್ದರೆ ಸ್ಕ್ರಿಪ್ಟಿನ ಮೊದಲ ಪುಟದಲ್ಲೇ ಹಿಡಿಯುತ್ತಿದ್ದರು. ಅವರ ಸಂಬಳ ಉಳಿಸೋಕೆ ಹೋಗಿ ಆ ಕೆಲಸವನ್ನೂ ನಾನೇ ಇಟ್ಟುಕೊಂಡೆ. ಮಾಡಲಿಲ್ಲ ಅಷ್ಟೇ.

ಹಾಗಾಗಿ ನಿಮ್ಮ ಪ್ರಶ್ನೆಯೇ ಸರಿಯಿಲ್ಲ ಅಂತೀನಿ. ಹೆಸರಘಟ್ಟವೋ ಕ್ಯಾಮೆರಾವೋ ಅಲ್ಲ. ಕ್ಯಾಮೆರಾ ಅಂತೂ ಬೇಡವೇ ಬೇಡ, ದಿನದ ಬಾಡಿಗೆಗೆ ಸಿಗುತ್ತೆ. ಆ ದುಡ್ಡಲ್ಲಿ ಪ್ರೊಡಕ್ಷನ್ ನೋಡಿಕೊಳ್ಳೋ ಒಬ್ಬರನ್ನು ಹಿಡೀರಿ. ಹಿಂದಿ ನಿರ್ದೇಶಕ ಗೋವಿಂದ ನಿಹಲಾನಿ ನಿರ್ದೇಶನ, ಕ್ಯಾಮೆರಾ ಎರಡನ್ನೂ ಮಾಡಲಿಲ್ವಾ ಅಂತ ಕೇಳಿದ್ದೀರಿ. ಮಾಡಿದರು, 1980ರ 'ಆಕ್ರೋಶ್'ನಲ್ಲಿ. ಬೆಂಗಳೂರಿನ ಎಸ್‌ಜೆ ಪಾಲಿಟೆಕ್ನಿಕ್‌ನಲ್ಲಿ ಕ್ಯಾಮೆರಾ ಕಲಿತು, ಗುರುದತ್ ಸಿನಿಮಾಗಳ ಕ್ಯಾಮೆರಾಮನ್ ವಿ.ಕೆ. ಮೂರ್ತಿಯವರ ಕೈಕೆಳಗೆ ದುಡಿದು, ನಿರ್ದೇಶಕ ಶ್ಯಾಮ್ ಬೆನಗಲ್ ಅವರ ಎಷ್ಟೋ ಸಿನಿಮಾಗಳಿಗೆ ಕ್ಯಾಮೆರಾ ಹಿಡಿದ ಮೇಲೆ. ನಾವು ಕೆಲಸ ಬಿಟ್ಟ ಮರುವಾರವೇ ಶುರು ಮಾಡೋರು, ಅಲ್ವಾ?

ಕೆಲಸ ಈಗಲೇ ಬಿಡಬೇಡಿ. ನಾನು ಮದುವೆ ಶೂಟ್ ಮಾಡಿಕೊಂಡು ಎರಡನೇ ಸ್ಕ್ರಿಪ್ಟ್ ಬರೀತಿದ್ದೀನಿ. ಕಥೆ ನಡೆಯೋದು ಬಾಡಿಗೆ ಮನೆಯಲ್ಲಿ, ಇರೋದು ಮೂರೇ ಜನ. ಒಂದು ಬೆಕ್ಕಿತ್ತು, ಹೋದ ವಾರ ಅದನ್ನೂ ಹೊಡೆದು ಹಾಕಿದೆ. ಸ್ಕ್ರಿಪ್ಟಿಂದ ಸ್ವಾಮಿ.