ಅಜ್ಜಿಯ ಸುಕ್ಕು ಎಲ್ಲಿ ಹೋಯ್ತು?

ಪ್ರಶ್ನೆ: ನಮ್ಮಜ್ಜಿ ಜಗುಲಿ ಮೇಲೆ ಮೆಟ್ಟುಗತ್ತಿ ಇಟ್ಟುಕೊಂಡು ಅಡಿಕೆ ಸುಲಿಯುವ ಫೋಟೊ ಇದೆ. ಅದನ್ನು ಎಣ್ಣೆಬಣ್ಣದ ಚಿತ್ರದಂತೆ ಮಾಡಿ ಕ್ಯಾನ್ವಾಸ್ ಮೇಲೆ ಪ್ರಿಂಟ್ ಹಾಕಿಸಬೇಕು. ಗಿಂಪ್ ಅನ್ನೋ ಉಚಿತ ಫೋಟೊ ಸಾಫ್ಟ್‌ವೇರ್‌ನಲ್ಲಿ ಆಯಿಲಿಫೈ ಫಿಲ್ಟರ್ ಕೊಟ್ಟೆ. ಮುಖ ಮೇಣ ಕರಗಿದ ಹಾಗಾಯಿತು. ಕಡಿಮೆ ಮಾಡಿದರೆ ಏನೂ ಬದಲಾಗಲ್ಲ. ಏನು ಮಾಡಲಿ ಸರ್?
— ಒಬ್ಬ ಓದುಗಿ, ಸಾಗರ

ಉತ್ತರ: ನೀವು ಕಳಿಸಿದ ಫೈಲ್ ನೋಡಿದೆ. 1600×1200 ಪಿಕ್ಸೆಲ್. ವಾಟ್ಸಾಪ್‌ನಲ್ಲಿ ಕುಗ್ಗಿ ಬಂದದ್ದು ಅಲ್ವಾ? ಇಂಚಿಗೆ 200 ಪಿಕ್ಸೆಲ್ ಲೆಕ್ಕ ಹಾಕಿದರೂ ಪ್ರಿಂಟ್ 8 ಇಂಚು ಅಗಲಕ್ಕೆ ಮುಗಿಯಿತು. ತೆಗೆದವರಿಗೆ ಹೇಳಿ ಮೂಲ ಫೋಟೊವನ್ನೇ 'ಡಾಕ್ಯುಮೆಂಟ್' ಆಗಿ ತರಿಸಿಕೊಳ್ಳಿ. ಅದನ್ನು 3200×2400ಕ್ಕೆ ಇಳಿಸಿ, 16×12 ಇಂಚಿಗೆ ಸಾಕು. ಫಿಲ್ಟರ್ ಆಮೇಲೆ.

ಈಗ ಮೇಣದ ವಿಷಯ. ಆಯಿಲಿಫೈ ಮಾಡೋದು ಒಂಥರಾ ಚುನಾವಣೆ. ಪ್ರತಿ ಚುಕ್ಕೆಯ ಸುತ್ತ ನೋಡುತ್ತದೆ, ಯಾವ ಬಣ್ಣ ಜಾಸ್ತಿಯೋ ಅದನ್ನೇ ಗೆಲ್ಲಿಸುತ್ತದೆ. ಸುಕ್ಕು, ರೆಪ್ಪೆ, ಮೂಗುತಿ ಎಲ್ಲ ಠೇವಣಿ ಕಳೆದುಕೊಳ್ಳುತ್ತವೆ! ನಾನೂ ಒಮ್ಮೆ ನಮ್ಮತ್ತೆಯ ಫೋಟೊಗೆ ಹೀಗೇ ಮಾಡಿ ಖುಷಿಯಿಂದ ತೋರಿಸಿದ್ದೆ. ಹೆಂಡತಿ ಕೇಳಿದ್ದು ಒಂದೇ ಮಾತು: "ಅಮ್ಮನ ಬಳೆ ಎಲ್ರೀ?"

ಚಿತ್ರ ಬರೆಯುವವರು ಗೋಡೆಗೂ ಕಣ್ಣಿಗೂ ಒಂದೇ ಕುಂಚ ಹಿಡಿಯಲ್ಲ. ನೀವೂ ಹಿಡಿಯಬೇಡಿ. ಫೋಟೊದ ಲೇಯರ್ (ಪದರ) ಅನ್ನು ಎರಡು ಸಲ ನಕಲು ಮಾಡಿ. ಕೆಳಗಿನ ನಕಲಿಗೆ ಆಯಿಲಿಫೈ ರೇಡಿಯಸ್ (ಸುತ್ತ ಎಷ್ಟು ದೂರ ನೋಡಬೇಕು ಅನ್ನೋದು) 4 ಕೊಡಿ, ಮೇಲಿನದಕ್ಕೆ 15. ಮೇಲಿನದಕ್ಕೆ ಬಿಳಿ ಲೇಯರ್ ಮಾಸ್ಕ್ (ಕಪ್ಪು ಸವರಿದ ಕಡೆ ಆ ಪದರವನ್ನು ಮರೆಮಾಡುವ ಮುಸುಕು) ಹಾಕಿ, ಅಂಚು ಮೆತ್ತಗಿರುವ ಬ್ರಷ್‌ನಲ್ಲಿ ಕಪ್ಪು ಹಿಡಿದು ಅಜ್ಜಿಯ ಮುಖ, ಬೆರಳು, ಕತ್ತಿಯ ಅಲಗಿನ ಮೇಲೆ ಸವರಿ. ಅಷ್ಟು ಜಾಗದಲ್ಲಿ ಕೆಳಗಿನ ಸಣ್ಣ ಗೀರುಗಳು ಕಾಣುತ್ತವೆ. ಗೋಡೆ, ಅಡಿಕೆ ರಾಶಿ, ಸೀರೆಯ ನೆರಿಗೆ ದಪ್ಪ ಬಣ್ಣದಲ್ಲೇ ಇರಲಿ. ಕಣ್ಣು, ಮೂಗುತಿ ಇನ್ನೂ ಮಂಕು ಅನ್ನಿಸಿದರೆ ಕೆಳಗಿನ ನಕಲಿಗೂ ಮಾಸ್ಕ್ ಹಾಕಿ, ಕಪ್ಪಿನ ಬದಲು ಬೂದು ಬಣ್ಣ ತಾಗಿಸಿ. ಮೂಲ ಫೋಟೊ ಅರ್ಧಂಬರ್ಧ ಇಣುಕುತ್ತದೆ.

ಫೋಟೋಶಾಪ್‌ನಲ್ಲಿ ಆಯಿಲ್ ಪೇಂಟ್ ಅಂತ ಫಿಲ್ಟರ್ ಇದೆ, 2012ರಲ್ಲಿ ಬಂತು. ಬಣ್ಣದ ಉಬ್ಬಿನ ಮೇಲೆ ಬೆಳಕು ಬಿದ್ದ ಹಾಗೂ ಮಾಡಬಹುದು. ಆದರೆ ಒಂದು ಫೋಟೊಗೋಸ್ಕರ ಸುಮ್ನೆ ದುಡ್ಡು ಕೊಡಬೇಡಿ, ಗಿಂಪ್ ಸಾಕು.

ಇನ್ನೊಂದು. ನಿಮ್ಮ ಫೋಟೊದಲ್ಲಿ ಅಜ್ಜಿಯ ಪಾದ ಅಂಚಿಗೇ ಬಂದಿದೆ. ಕ್ಯಾನ್ವಾಸ್ ಅನ್ನು ಚೌಕಟ್ಟಿಗೆ ಸುತ್ತುವಾಗ ಅಂಚು ಹಿಂದಕ್ಕೆ ಮಡಚಿ ಹೋಗುತ್ತದೆ. ಎಷ್ಟು ಇಂಚು ಬೇಕು ಅಂತ ಪ್ರಿಂಟ್ ಹಾಕುವವರನ್ನು ಮೊದಲೇ ಕೇಳಿ, ಅಷ್ಟು ನೆಲವನ್ನು ಕ್ಲೋನ್ ಟೂಲ್‌ನಲ್ಲಿ (ಒಂದು ಜಾಗದ ಚಿತ್ರವನ್ನು ಇನ್ನೊಂದು ಕಡೆ ನಕಲಾಗಿ ಬಳಿಯುವ ಸಾಧನ) ಬೆಳೆಸಿಕೊಳ್ಳಿ.