ವರ್ತಕರಿಗೆ ಊರ ಉಸಾಬರಿ ಏಕೆ?

ಈ ಬಾರಿ ಬಂದ ಪತ್ರಗಳಲ್ಲಿ ನಾಲ್ಕು ಒಂದೇ ವಿಷಯವನ್ನು ಬೇರೆ ಬೇರೆ ದಿಕ್ಕಿನಿಂದ ಕೇಳಿವೆ: ಉದ್ಯಮಿಗಳು ಒಗ್ಗೂಡಿ ಪ್ರಜಾಪ್ರಭುತ್ವದ ಪರವಾಗಿ ರಾಜಕೀಯವಾಗಿ ದನಿ ಎತ್ತಬೇಕೇ, ಎತ್ತಿದರೆ ಅದರಿಂದ ಏನಾದರೂ ಆಗುತ್ತದೆಯೇ ಎಂಬುದು. ಆದ್ದರಿಂದ ಅಂಕಣದ ಪೂರ್ತಿ ಜಾಗವನ್ನು ಇವಕ್ಕೇ ಕೊಟ್ಟಿದ್ದೇನೆ.

ಪ್ರಶ್ನೆ (ದಾವಣಗೆರೆಯ ಅಡತಿ ವ್ಯಾಪಾರಿಯೊಬ್ಬರಿಂದ): ಚುನಾವಣೆಗಳು ಸ್ವಚ್ಛವಾಗಿ ನಡೆಯಬೇಕೆಂದು ನಾವೂ ಒಂದು ಮಾತು ಎತ್ತೋಣ ಎಂಬ ಸಲಹೆ ನಮ್ಮ ವರ್ತಕರ ಸಂಘದ ಸಭೆಯಲ್ಲಿ ಬಂದಾಗ, ಹಿರಿಯರೊಬ್ಬರು ‘ತಕ್ಕಡಿ ಹಿಡಿದವರಿಗೆ ಊರ ಉಸಾಬರಿ ಏಕೆ’ ಎಂದು ಅದನ್ನು ಅಲ್ಲಿಗೇ ನಿಲ್ಲಿಸಿದರು. ವ್ಯಾಪಾರಸ್ಥರು ಒಗ್ಗೂಡಿ ಪ್ರಜಾಪ್ರಭುತ್ವವನ್ನು ಉಳಿಸಿದ ನಿದರ್ಶನ ಎಲ್ಲಾದರೂ ಇದೆಯೇ?

ಉತ್ತರ: ಇದೆ. ಅದರಲ್ಲಿ ಮುಂದೆ ನಿಂತವರು ಹಿಟ್ಟಿನ ಗಿರಣಿಯ ಒಡೆಯರೊಬ್ಬರು ಎಂಬುದನ್ನು ನಿಮ್ಮ ಸಂಘದ ಹಿರಿಯರಿಗೆ ತಪ್ಪದೆ ತಿಳಿಸಿ.

ಫಿಲಿಪ್ಪೀನ್ಸ್ ದೇಶವನ್ನು ಫರ್ಡಿನೆಂಡ್ ಮಾರ್ಕೋಸ್ 1965ರ ಕೊನೆಯಿಂದ ಆಳುತ್ತಿದ್ದರು. 1972ರಲ್ಲಿ ಅವರು ಮಾರ್ಷಲ್ ಲಾ, ಅಂದರೆ ಸೇನಾಡಳಿತ, ಹೇರಿದ ಮೇಲೆ ಪತ್ರಿಕೆಗಳ ಬಾಯಿ ಮುಚ್ಚಿತು. ಸಕ್ಕರೆ ಮತ್ತು ತೆಂಗಿನ ವಹಿವಾಟು ಅಧ್ಯಕ್ಷರ ಆಪ್ತರ ಮುಷ್ಟಿಗೆ ಸೇರಿತು. ಆಗ ಬಹುಪಾಲು ಉದ್ಯಮಿಗಳು ಸುಮ್ಮನಿದ್ದರು. 1983ರ ಆಗಸ್ಟ್ 21ರಂದು ವಿರೋಧಿ ನಾಯಕ ಬೆನಿಗ್ನೊ ಅಕಿನೊ ಅವರನ್ನು, ಅವರು ವಿದೇಶದಿಂದ ಮರಳಿ ವಿಮಾನದಿಂದ ಇಳಿಯುತ್ತಿದ್ದಂತೆಯೇ, ಮನಿಲಾ ನಿಲ್ದಾಣದಲ್ಲಿ ಗುಂಡಿಟ್ಟು ಕೊಲ್ಲಲಾಯಿತು. ಅದಾದ ಕೆಲವೇ ವಾರಗಳಲ್ಲಿ, ಬ್ಯಾಂಕು ಮತ್ತು ವಿಮಾ ಕಂಪನಿಗಳ ಕಚೇರಿಗಳಿರುವ ಮಕಾಟಿ ಪ್ರದೇಶದ ರಸ್ತೆಗಳಲ್ಲಿ ಮೆರವಣಿಗೆಗಳು ಹೊರಟವು. ಗುಮಾಸ್ತರೂ ವ್ಯವಸ್ಥಾಪಕರೂ ಟೆಲಿಫೋನ್ ಡೈರೆಕ್ಟರಿಯ ಹಳದಿ ಹಾಳೆಗಳನ್ನು ಚೂರು ಮಾಡಿ ಎತ್ತರದ ಕಿಟಕಿಗಳಿಂದ ಕೆಳಗೆ ಸುರಿದರು. ಹಳದಿ ಅಕಿನೊ ಬೆಂಬಲಿಗರ ಬಣ್ಣವಾಗಿತ್ತು. 1981ರಲ್ಲಿ ಹುಟ್ಟಿದ್ದ ಮಕಾಟಿ ಬಿಸಿನೆಸ್ ಕ್ಲಬ್ಬಿನ ಮಂದಿ ಅಲ್ಲಿಯವರೆಗೆ ಅಡಗಿಸಿಕೊಂಡಿದ್ದ ಟೀಕೆಯನ್ನು ಬಹಿರಂಗವಾಗಿ ಆಡತೊಡಗಿದರು.

ಆದರೆ ಮೆರವಣಿಗೆಗಿಂತ ಹೆಚ್ಚಿನ ಬೆಲೆಯುಳ್ಳ ಕೆಲಸ ಇನ್ನೊಂದು ಕಡೆ ನಡೆಯಿತು. ಹಿಟ್ಟಿನ ಗಿರಣಿಯ ಉದ್ಯಮ ನಡೆಸುತ್ತಿದ್ದ ಹೊಸೆ ಕನ್ಸೆಪ್ಸಿಯನ್ ಅವರ ನೇತೃತ್ವದಲ್ಲಿ 1983ರಲ್ಲಿ ‘ನ್ಯಾಮ್‌ಫ್ರೆಲ್’ ಎಂಬ ನಾಗರಿಕ ಸಂಘಟನೆ ರೂಪುಗೊಂಡಿತು. ಅದು ಯಾವ ಅಭ್ಯರ್ಥಿಯ ಪರವಾಗಿಯೂ ಮತ ಕೇಳಲಿಲ್ಲ. ಮತಗಟ್ಟೆಯಲ್ಲಿ ಕಾವಲು ಕೂತು, ಅಲ್ಲಿನ ಎಣಿಕೆ ಪಟ್ಟಿಯ ಒಂದು ಪ್ರತಿಯನ್ನು ಪಡೆದು, ದೇಶದಾದ್ಯಂತ ಬಂದ ಆ ಪ್ರತಿಗಳನ್ನು ಸರ್ಕಾರಕ್ಕಿಂತ ಬೇರೆಯಾಗಿ ಕೂಡಿಸಿ ಜನರ ಮುಂದಿಡುವುದಷ್ಟೇ ಅದರ ಕೆಲಸ. ಕಿರ್ದಿ–ಖತಾವಣಿ ಬರೆದು ಗೊತ್ತಿರುವ ನಿಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ: ಒಂದೇ ವಹಿವಾಟಿಗೆ ಎರಡು ಲೆಕ್ಕವಿದ್ದರೆ ಮಾತ್ರ ತಪ್ಪು ಕಣ್ಣಿಗೆ ಬೀಳುತ್ತದೆ.

1986ರ ಫೆಬ್ರವರಿ 7ರಂದು ಮಾರ್ಕೋಸ್ ಮತ್ತು ಬೆನಿಗ್ನೊ ಅವರ ಪತ್ನಿ ಕೊರಜಾನ್ ಅಕಿನೊ ನಡುವೆ ಚುನಾವಣೆ ನಡೆದಾಗ, ನ್ಯಾಮ್‌ಫ್ರೆಲ್‌ನ ಲಕ್ಷಾಂತರ ಸ್ವಯಂಸೇವಕರು ಮತಗಟ್ಟೆಗಳಲ್ಲಿದ್ದರು. ಎಷ್ಟೋ ಕಡೆ ಕ್ರೈಸ್ತ ಸನ್ಯಾಸಿನಿಯರು ಮತಪೆಟ್ಟಿಗೆಗಳ ಸುತ್ತ ಕೈ ಕೈ ಹಿಡಿದು ನಿಂತರು. ಎಣಿಕೆ ಪಟ್ಟಿಗಳು ಲಾ ಸಾಲ್ ಗ್ರೀನ್‌ಹಿಲ್ಸ್ ಎಂಬ ಶಾಲೆಯ ವ್ಯಾಯಾಮ ಶಾಲೆಗೆ ಬಂದು ಸೇರಿದವು. ಅಲ್ಲಿ ಫಲಕದ ಮೇಲೆ ಅಂಕಿ ಏರುತ್ತಾ ಹೋಯಿತು. ಫೆಬ್ರವರಿ 9ರಂದು ಚುನಾವಣಾ ಆಯೋಗದ ಸ್ವಂತ ಎಣಿಕೆ ಕೇಂದ್ರದಲ್ಲಿಯೇ ಸುಮಾರು ಮೂವತ್ತೈದು ಕಂಪ್ಯೂಟರ್ ಸಿಬ್ಬಂದಿ, ತಾವು ತುಂಬಿದ ಅಂಕಿಗೂ ಫಲಕದ ಮೇಲೆ ಕಾಣುವ ಅಂಕಿಗೂ ತಾಳೆಯಾಗುತ್ತಿಲ್ಲವೆಂದು ಕುರ್ಚಿ ಬಿಟ್ಟೆದ್ದು ಹೊರನಡೆದರು. ಕೊನೆಗೆ ಸರ್ಕಾರದ ಲೆಕ್ಕದಲ್ಲಿ ಮಾರ್ಕೋಸ್‌ಗೆ 1,08,07,197, ಅಕಿನೊಗೆ 92,91,761 ಮತ. ಸುಮಾರು ಶೇ 70ರಷ್ಟು ಮತಗಟ್ಟೆಗಳನ್ನು ಒಳಗೊಂಡ ನ್ಯಾಮ್‌ಫ್ರೆಲ್ ಲೆಕ್ಕದಲ್ಲಿ ಅಕಿನೊಗೆ 78,35,070, ಮಾರ್ಕೋಸ್‌ಗೆ 70,53,068.

ಫೆಬ್ರವರಿ 25ರಂದು ಮಾರ್ಕೋಸ್ ದೇಶ ಬಿಟ್ಟರು. ಅವರನ್ನು ಕಳಿಸಿದ ಶ್ರೇಯಸ್ಸು ಉದ್ಯಮಿಗಳದಷ್ಟೇ ಎಂದು ನಾನು ಹೇಳುವುದಿಲ್ಲ. ಚರ್ಚು, ಬಂಡೆದ್ದ ಸೇನಾ ತುಕಡಿಗಳು, ಎಲ್ಲಕ್ಕಿಂತ ಹೆಚ್ಚಾಗಿ ಎಡ್ಸಾ ಹೆದ್ದಾರಿಯಲ್ಲಿ ಟ್ಯಾಂಕುಗಳಿಗೆ ಅಡ್ಡ ನಿಂತ ಸಾಮಾನ್ಯ ಜನ ಇಲ್ಲದೆ ಅದು ಆಗುತ್ತಿರಲಿಲ್ಲ. ಆದರೆ ಬೀದಿಗಿಳಿದ ಜನರ ಕೈಯಲ್ಲಿ ಒಂದು ಲೆಕ್ಕವಿತ್ತು, ಮತ್ತು ಆ ಲೆಕ್ಕವನ್ನು ಬರೆದಿಡುವ ವ್ಯವಸ್ಥೆಯನ್ನು ಕಟ್ಟಿದವರಲ್ಲಿ ವ್ಯಾಪಾರಸ್ಥರು ಮುಂಚೂಣಿಯಲ್ಲಿದ್ದರು. ಆ ದಿನಗಳು ಮನೆಗಳನ್ನೂ ಎರಡು ಭಾಗ ಮಾಡಿದ್ದವು: ಗಣಿ ಕಂಪನಿಯೊಂದರ ಮುಖ್ಯಸ್ಥ ಹೈಮೆ ಒಂಗ್ಪಿನ್ ಮಾರ್ಕೋಸ್ ವಿರುದ್ಧ ನಿಂತಾಗ, ಅವರ ಒಡಹುಟ್ಟಿದ ರೊಬೆರ್ತೊ ಒಂಗ್ಪಿನ್ ಅದೇ ಮಾರ್ಕೋಸ್ ಸಂಪುಟದಲ್ಲಿ ವಾಣಿಜ್ಯ ಸಚಿವರಾಗಿದ್ದರು.

ಪ್ರಶ್ನೆ (ಮೈಸೂರಿನ ನಿವೃತ್ತ ಅಧ್ಯಾಪಕಿಯೊಬ್ಬರಿಂದ): ಉದ್ಯಮಿಗಳಿಗೆ ಪ್ರಜಾಪ್ರಭುತ್ವ ನೆನಪಾಗುವುದು ತಮ್ಮ ಲಾಭಕ್ಕೆ ಪೆಟ್ಟು ಬಿದ್ದಾಗ ಮಾತ್ರವಲ್ಲವೇ?

ಉತ್ತರ: ಮೇಡಂ, ಹೆಚ್ಚಿನ ಸಲ ಹೌದು. ಅದನ್ನು ಮುಚ್ಚಿಡುವುದರಿಂದ ಯಾರಿಗೂ ಉಪಕಾರವಿಲ್ಲ. ಫಿಲಿಪ್ಪೀನ್ಸಿನಲ್ಲಿಯೂ 1984 ಮತ್ತು 1985ರಲ್ಲಿ ಆರ್ಥಿಕತೆ ಪ್ರತಿ ವರ್ಷ ಸುಮಾರು ಶೇ 7ರಷ್ಟು ಕುಗ್ಗಿತ್ತು. ಲಾಭ ಮುಂದೆ ಕಂಡಾಗ ಉದ್ಯಮಿಗಳು ಎಷ್ಟು ದೂರ ಹೋಗಬಲ್ಲರು ಎಂಬುದಕ್ಕೆ 1933ರ ಫೆಬ್ರವರಿ 20 ಸಾಕ್ಷಿ: ಅಂದು ಬರ್ಲಿನ್‌ನಲ್ಲಿ ಹಿಟ್ಲರನ ಆಪ್ತ ಗೋರಿಂಗ್ ಮನೆಯಲ್ಲಿ ಜರ್ಮನಿಯ ಸುಮಾರು ಇಪ್ಪತ್ತೈದು ದೊಡ್ಡ ಉದ್ಯಮಿಗಳು ಹಿಟ್ಲರನ ಮಾತು ಕೇಳಿದರು, ಬರಲಿರುವ ಚುನಾವಣೆಯೇ ಮುಂದಿನ ಹತ್ತು ವರ್ಷಗಳಿಗೆ, ಬಹುಶಃ ನೂರು ವರ್ಷಗಳಿಗೆ, ಕೊನೆಯದಾಗಬಹುದೆಂದು ಗೋರಿಂಗ್ ಹೇಳಿದ್ದನ್ನೂ ಕೇಳಿದರು, ಆಮೇಲೆ ಮೂವತ್ತು ಲಕ್ಷ ಮಾರ್ಕ್ ಚುನಾವಣಾ ನಿಧಿಗೆ ಒಪ್ಪಿದರು. ಪ್ರಜಾಪ್ರಭುತ್ವ ಮುಗಿಯಲಿದೆ ಎಂದು ಎದುರಿಗೇ ಹೇಳಿಸಿಕೊಂಡು ಹಣ ಕೊಟ್ಟ ಆ ಸಂಜೆಯನ್ನು ವಾಣಿಜ್ಯ ಓದುವ ಪ್ರತಿ ವಿದ್ಯಾರ್ಥಿಗೂ ಕಲಿಸಬೇಕೆಂದು ನನಗೆ ಅನ್ನಿಸುತ್ತದೆ.

ಆದರೂ ಸ್ವಾರ್ಥದಿಂದ ಹೊರಟ ಹೆಜ್ಜೆ ಸ್ವಾರ್ಥದಲ್ಲಿಯೇ ಮುಗಿಯಬೇಕೆಂದಿಲ್ಲ. ದಕ್ಷಿಣ ಆಫ್ರಿಕಾದ ಗಣಿ ಮತ್ತು ಕಾರ್ಖಾನೆಗಳು ವರ್ಣಭೇದದ ಅಗ್ಗದ ದುಡಿಮೆಯ ಮೇಲೆ ದಶಕಗಳ ಕಾಲ ಬೆಳೆದವು. 1985ರಲ್ಲಿ ವಿದೇಶಿ ಬ್ಯಾಂಕುಗಳು ಸಾಲ ಮುಂದುವರಿಸಲು ನಿರಾಕರಿಸಿ, ಅಲ್ಲಿನ ಹಣವಾದ ರ‍್ಯಾಂಡ್ ಕುಸಿದ ಮೇಲೆಯೇ ಆಂಗ್ಲೋ ಅಮೆರಿಕನ್ ಗಣಿ ಕಂಪನಿಯ ಗ್ಯಾವಿನ್ ರೆಲಿ ನೇತೃತ್ವದ ಉದ್ಯಮಿಗಳ ಸಣ್ಣ ನಿಯೋಗವೊಂದು, ಅಧ್ಯಕ್ಷ ಬೋಥಾ ಅವರ ವಿರೋಧವನ್ನು ಲೆಕ್ಕಿಸದೆ, ಸೆಪ್ಟೆಂಬರ್ 13ರಂದು ಜಾಂಬಿಯಾಕ್ಕೆ ಹೋಗಿ, ವರ್ಣಭೇದದ ವಿರುದ್ಧ ಹೋರಾಡುತ್ತಿದ್ದ ನಿಷೇಧಿತ ಆಫ್ರಿಕನ್ ನ್ಯಾಷನಲ್ ಕಾಂಗ್ರೆಸ್ಸಿನ ಆಲಿವರ್ ಟಾಂಬೊ ಅವರನ್ನು ಭೇಟಿಯಾಯಿತು. ಉದ್ಯಮಿಗಳು ಕಾಡಿನ ವಿಹಾರಕ್ಕೆ ಬಂದವರಂತೆ ಸಡಿಲ ಉಡುಪಿನಲ್ಲಿದ್ದರು. ‘ಭಯೋತ್ಪಾದಕರು’ ಎಂದು ಅವರ ಸರ್ಕಾರ ಕರೆಯುತ್ತಿದ್ದ ನಾಯಕರು ಸೂಟು, ಟೈ ಧರಿಸಿ ಬಂದಿದ್ದರು. ಒಬ್ಬರನ್ನೊಬ್ಬರು ಎಷ್ಟು ತಪ್ಪಾಗಿ ಊಹಿಸಿಕೊಂಡಿದ್ದರೆಂಬುದು ಆ ಬಟ್ಟೆಗಳಲ್ಲಿಯೇ ಕಾಣುತ್ತದೆ. 1988ರಲ್ಲಿ ಅಲ್ಲಿನ ಉದ್ಯಮಿಗಳು ಕಟ್ಟಿದ ಕನ್ಸಲ್ಟೇಟಿವ್ ಬಿಸಿನೆಸ್ ಮೂವ್‌ಮೆಂಟ್ ಮುಂದೆ 1991ರ ಶಾಂತಿ ಒಪ್ಪಂದಕ್ಕೆ ದಾರಿ ಮಾಡಿತು. ಸಂವಿಧಾನದ ಮಾತುಕತೆಗೆ ಕಚೇರಿ ಕೆಲಸವನ್ನೂ ನಿರ್ವಹಿಸಿಕೊಟ್ಟಿತು. ಹಿಂದಿನ ಲಾಭದ ಪಾಪ ಇದರಿಂದ ತೊಳೆದುಹೋಗುವುದಿಲ್ಲ. ಆದರೆ ಮೇಜಿನ ಎರಡೂ ಬದಿಯವರು ನಂಬಿ ಕೂರಬಹುದಾದ ಒಂದು ಕೋಣೆಯನ್ನು ಅವರು ಒದಗಿಸಿದರು, ಅದು ಸಣ್ಣ ಸಂಗತಿಯಲ್ಲ.

ಪ್ರಶ್ನೆ (ಬೆಂಗಳೂರಿನ ಸಾಫ್ಟ್‌ವೇರ್ ಉದ್ಯೋಗಿಯೊಬ್ಬರಿಂದ): ಅಮೆರಿಕದಲ್ಲಿ 2021ರಲ್ಲಿ ದೊಡ್ಡ ಕಂಪನಿಗಳು ಮತದಾನದ ಹಕ್ಕಿನ ಪರವಾಗಿ ಹೇಳಿಕೆ ಕೊಟ್ಟದ್ದನ್ನು ಮೆಚ್ಚಿಕೊಂಡಿದ್ದೆ. ನಮ್ಮ ಉದ್ಯಮಿಗಳು ಏಕೆ ಹಾಗೆ ಮಾಡುವುದಿಲ್ಲ?

ಉತ್ತರ: ಮೊದಲು ಅಮೆರಿಕದ ಕಥೆಯನ್ನು ಪೂರ್ತಿ ನೋಡೋಣ. 2021ರ ಜನವರಿ 6ರಂದು ಸಂಸತ್ ಭವನದ ಮೇಲೆ ದಾಳಿಯಾದ ದಿನವೇ ಅಲ್ಲಿನ ತಯಾರಕರ ರಾಷ್ಟ್ರೀಯ ಸಂಘದ ಮುಖ್ಯಸ್ಥರು, ಅಧ್ಯಕ್ಷರನ್ನು ಅಧಿಕಾರದಿಂದ ಇಳಿಸುವ ಸಂವಿಧಾನದ 25ನೇ ತಿದ್ದುಪಡಿಯನ್ನು ಬಳಸುವ ಬಗ್ಗೆ ಉಪಾಧ್ಯಕ್ಷರು ಯೋಚಿಸಬೇಕೆಂದು ಬಹಿರಂಗವಾಗಿ ಹೇಳಿದರು. ಚುನಾವಣಾ ಫಲಿತಾಂಶವನ್ನು ಆಕ್ಷೇಪಿಸಿ ಮತ ಹಾಕಿದ 147 ಜನಪ್ರತಿನಿಧಿಗಳಿಗೆ ದೇಣಿಗೆ ನಿಲ್ಲಿಸುತ್ತೇವೆಂದು ಅನೇಕ ಕಂಪನಿಗಳು ಘೋಷಿಸಿದವು. ಮಾರ್ಚ್ 25ರಂದು ಜಾರ್ಜಿಯಾ ರಾಜ್ಯದ ಹೊಸ ಚುನಾವಣಾ ಕಾನೂನಿಗೆ ಸಹಿ ಬಿತ್ತು. ಮತಗಟ್ಟೆಯ ಬಳಿ ಸರದಿಯಲ್ಲಿ ನಿಂತವರಿಗೆ ನೀರು, ತಿಂಡಿ ಕೊಡುವುದನ್ನೂ ಅದು ನಿರ್ಬಂಧಿಸಿತ್ತು. ಕೆನೆತ್ ಶೆನಾಲ್ಟ್ ಮತ್ತು ಕೆನೆತ್ ಫ್ರೇಜಿಯರ್ ಸೇರಿದಂತೆ 72 ಕಪ್ಪು ವರ್ಣೀಯ ಉದ್ಯಮ ನಾಯಕರು ಇಂತಹ ಕಾನೂನುಗಳನ್ನು ವಿರೋಧಿಸುವಂತೆ ಕಂಪನಿಗಳಿಗೆ ಮಾರ್ಚ್ 31ರಂದು ಬಹಿರಂಗ ಪತ್ರ ಬರೆದರು. ಅದಾದ ಮೇಲೆ ಏಪ್ರಿಲ್ 14ರಂದು ನೂರಾರು ಕಂಪನಿಗಳ ಮತ್ತು ಗಣ್ಯರ ಸಹಿಯಿದ್ದ ಪೂರ್ಣಪುಟ ಜಾಹೀರಾತು ಪ್ರಕಟವಾಯಿತು. ಈ ಕಾನೂನನ್ನು ಟೀಕಿಸಿದ ಡೆಲ್ಟಾ ವಿಮಾನ ಕಂಪನಿಯ ಇಂಧನ ತೆರಿಗೆ ರಿಯಾಯಿತಿಯನ್ನು ಕಿತ್ತುಕೊಳ್ಳಲು ರಾಜ್ಯದ ಕೆಳಮನೆ ಮತ ಹಾಕಿತು, ಅದು ಜಾರಿಗೆ ಬರಲಿಲ್ಲ ಎನ್ನುವುದು ಬೇರೆ ಮಾತು.

ಇಲ್ಲಿಯವರೆಗೆ ನೀವು ಮೆಚ್ಚಿದ್ದು ಸರಿ. ಆದರೆ ಸಹಿಗಳು ಬಿದ್ದದ್ದು ಕಾನೂನು ಜಾರಿಯಾದ ನಂತರ; ಮಸೂದೆ ಚರ್ಚೆಯಲ್ಲಿದ್ದಾಗ ಬಲವಾಗಿ ಎತ್ತಬೇಕಿದ್ದ ದನಿ ಅದು. ನಿಲ್ಲಿಸಿದ್ದ ದೇಣಿಗೆಯನ್ನು ಅನೇಕ ಕಂಪನಿಗಳು ಸದ್ದಿಲ್ಲದೆ ಮತ್ತೆ ಆರಂಭಿಸಿದವು. ಜಾಹೀರಾತಿನ ಪುಟಕ್ಕಿಂತ ದೇಣಿಗೆಯ ಪಟ್ಟಿಯನ್ನು ನಂಬಬೇಕೆಂದು ಆ ವರ್ಷ ನನಗೆ ಮನವರಿಕೆಯಾಯಿತು.

ನಮ್ಮಲ್ಲಿ ದನಿಗಳು ಇಲ್ಲವೇ ಇಲ್ಲ ಎನ್ನಲಾಗದು. 2011ರ ಜನವರಿಯಲ್ಲಿ ಬೆಂಗಳೂರಿನ ಅಜೀಂ ಪ್ರೇಮ್‌ಜಿ, ದೀಪಕ್ ಪಾರೇಖ್, ಕೇಶುಬ್ ಮಹೀಂದ್ರಾ ಮೊದಲಾದ ಹದಿನಾಲ್ಕು ಗಣ್ಯರು ಆಡಳಿತದ ಕೊರತೆಯ ಬಗ್ಗೆ ಬಹಿರಂಗ ಪತ್ರ ಬರೆದು, ರಾಜ್ಯಗಳಲ್ಲಿ ಬಲವಾದ ಲೋಕಾಯುಕ್ತ ಬೇಕೆಂದರು. 2013ರಲ್ಲಿ ಕಿರಣ್ ಮಜುಂದಾರ್ ಶಾ, ಮೋಹನ್‌ದಾಸ್ ಪೈ ಮುಂತಾದವರು ಕಟ್ಟಿದ ಬಿ.ಪ್ಯಾಕ್ ಎಂಬ ನಾಗರಿಕ ಸಂಘಟನೆ ಆ ವರ್ಷದ ವಿಧಾನಸಭಾ ಚುನಾವಣೆಯಲ್ಲಿ ಬೇರೆ ಬೇರೆ ಪಕ್ಷಗಳ ಅಭ್ಯರ್ಥಿಗಳನ್ನು ಹೆಸರಿಸಿ ಬೆಂಬಲಿಸಿತು. ಅದರ ಗಮನ ಮುಖ್ಯವಾಗಿ ಬೆಂಗಳೂರಿನ ನಗರಾಡಳಿತದ ಮೇಲಿತ್ತು. 2019ರ ನವೆಂಬರ್ 30ರಂದು ಮುಂಬೈನ ಸಮಾರಂಭವೊಂದರಲ್ಲಿ ರಾಹುಲ್ ಬಜಾಜ್, ಕೇಂದ್ರ ಗೃಹ ಸಚಿವ ಅಮಿತ್ ಶಾ ಅವರ ಎದುರಿನಲ್ಲಿಯೇ, ಸರ್ಕಾರವನ್ನು ಟೀಕಿಸಲು ಉದ್ಯಮಿಗಳು ಹೆದರುತ್ತಿದ್ದಾರೆಂದೂ ತಮ್ಮ ಉದ್ಯಮಿ ಮಿತ್ರರು ಇದನ್ನು ಹೇಳಲಾರರೆಂದೂ ಹೇಳಿದರು. ಯಾರೂ ಹೆದರಬೇಕಾಗಿಲ್ಲವೆಂದು ಸಚಿವರು ಉತ್ತರಿಸಿದರು. ಎಂಬತ್ತು ದಾಟಿದ ಒಬ್ಬ ಹಿರಿಯರು ಒಂಟಿಯಾಗಿ ಎದ್ದು ನಿಲ್ಲಬೇಕಾಯಿತಲ್ಲ, ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲಿಯೇ ಇದೆ. ತೆರಿಗೆ, ಪರವಾನಗಿ, ಬ್ಯಾಂಕ್ ಸಾಲ, ಸರ್ಕಾರಿ ಗುತ್ತಿಗೆ ಇವೆಲ್ಲ ಒಬ್ಬನ ಕುತ್ತಿಗೆಗೆ ಸುಲಭವಾಗಿ ಸುತ್ತಿಕೊಳ್ಳುತ್ತವೆ; ಐನೂರು ಜನ ಒಟ್ಟಿಗೆ ಸಹಿ ಹಾಕಿದರೆ ಅಷ್ಟು ಸುಲಭವಲ್ಲ.

ಆದರೆ ನನಗೆ ನಿಜವಾಗಿ ನೋವಾದದ್ದು ಭಯದಿಂದಲ್ಲ. 2024ರ ಫೆಬ್ರವರಿ 15ರಂದು ಸುಪ್ರೀಂ ಕೋರ್ಟ್, ಹೆಸರು ಹೊರಬರದಂತೆ ಪಕ್ಷಗಳಿಗೆ ದೇಣಿಗೆ ಕೊಡುವ ಚುನಾವಣಾ ಬಾಂಡ್ ಯೋಜನೆಯನ್ನು ಅಸಾಂವಿಧಾನಿಕವೆಂದು ರದ್ದುಪಡಿಸಿ, ಯಾರು ಯಾರಿಗೆ ಕೊಟ್ಟರೆಂಬುದು ಮತದಾರರಿಗೆ ಗೊತ್ತಾಗಬೇಕೆಂದು ಹೇಳಿತು. ಬಾಂಡಿನ ಸಂಖ್ಯೆಗಳ ಪ್ರಕಟಣೆಯ ಮಾತು ಬಂದಾಗ, ಮಾರ್ಚ್ ತಿಂಗಳಲ್ಲಿ, ನಮ್ಮ ದೊಡ್ಡ ವಾಣಿಜ್ಯ ಸಂಘಗಳಾದ ಫಿಕ್ಕಿ ಮತ್ತು ಅಸೋಚಾಮ್ ಅದರ ವಿರುದ್ಧ ನ್ಯಾಯಾಲಯದ ಬಾಗಿಲು ತಟ್ಟಿದವು. ನ್ಯಾಯಾಲಯ ಆಗ ಕಿವಿಗೊಡಲಿಲ್ಲ. ದಾನಿಗಳಿಗೆ ಕಿರುಕುಳವಾದೀತೆಂಬ ಅವರ ಆತಂಕ ಪೊಳ್ಳಲ್ಲ. ಆದರೆ ಒಗ್ಗೂಡುವ ಶಕ್ತಿ ನಮ್ಮ ಉದ್ಯಮಿಗಳಿಗೆ ಇದೆ ಎಂದು ಸಾಬೀತಾದದ್ದು ಲೆಕ್ಕವನ್ನು ಮುಚ್ಚಿಡುವುದಕ್ಕಾಗಿ ಎಂಬುದು ಬೇಸರದ ಸಂಗತಿ.

ಪ್ರಶ್ನೆ (ಹುಬ್ಬಳ್ಳಿಯ ಸಣ್ಣ ಕಾರ್ಖಾನೆ ಮಾಲೀಕರೊಬ್ಬರಿಂದ): ನನ್ನ ಬಳಿ ಹದಿನೆಂಟು ಜನ ಕೆಲಸಗಾರರಿದ್ದಾರೆ. ಯಾವ ಪಕ್ಷಕ್ಕೂ ಸೇರದೆ ನಾನು ಏನು ಮಾಡಬಹುದು?

ಉತ್ತರ: ನಿಮ್ಮ ಗೇಟಿನಿಂದಲೇ ಆರಂಭಿಸಿ. 1951ರ ಪ್ರಜಾಪ್ರಾತಿನಿಧ್ಯ ಕಾಯ್ದೆಯ ಸೆಕ್ಷನ್ 135ಬಿ ಪ್ರಕಾರ ಮತದಾನದ ದಿನ ನೌಕರರಿಗೆ ಸಂಬಳ ಸಹಿತ ರಜೆ ಕೊಡಲೇಬೇಕು. ದಿನಗೂಲಿಯವರಿಗೂ ಆ ದಿನದ ಕೂಲಿ ಸಲ್ಲಬೇಕು. ತಪ್ಪಿದ ಮಾಲೀಕನಿಗೆ ದಂಡ ಐನೂರು ರೂಪಾಯಿಯವರೆಗೆ ಮಾತ್ರ, ಆದ್ದರಿಂದ ಇದು ದಂಡದ ಭಯದಿಂದ ನಡೆಯುವ ಕೆಲಸವಲ್ಲ. 2024ರ ಏಪ್ರಿಲ್ 26ರ ಶುಕ್ರವಾರ ನಮ್ಮ ಬೀದಿಯ ಬೇಕರಿಯ ಶಟರ್ ಅರ್ಧ ಇಳಿದಿತ್ತು. ‘ಹುಡುಗರು ಓಟು ಹಾಕಲು ಹಾಸನಕ್ಕೆ ಹೋಗಿದ್ದಾರೆ, ನಾಳೆ ಬ್ರೆಡ್ ಸಿಗುತ್ತದೆ’ ಎಂದು ಕ್ಯಾಲೆಂಡರಿನ ಹಿಂಬದಿಯಲ್ಲಿ ಬರೆದು ಅಂಟಿಸಿದ್ದರು. ಮಾಲೀಕರನ್ನು ಕೇಳಿದಾಗ, ಬಸ್ಸಿನ ದುಡ್ಡನ್ನೂ ತಾವೇ ಕೊಟ್ಟದ್ದಾಗಿಯೂ ಯಾರಿಗೆ ಹಾಕಬೇಕೆಂದು ಒಂದು ಮಾತೂ ಆಡಲಿಲ್ಲವೆಂದೂ ಹೇಳಿದರು. ಆ ಎರಡನೆಯದು ಮೊದಲನೆಯದಕ್ಕಿಂತ ಮುಖ್ಯ. ಸಂಬಳ ಕೊಡುವ ಕೈ ಮತದ ದಾರಿಯನ್ನೂ ತೋರಿಸತೊಡಗಿದರೆ ಅದು ಉಪಕಾರವಲ್ಲ.

ಚುನಾವಣೆಗೆ ತಿಂಗಳುಗಳ ಮೊದಲೇ ನಿಮ್ಮ ಹದಿನೆಂಟು ಜನರ ಹೆಸರು ಮತದಾರರ ಪಟ್ಟಿಯಲ್ಲಿ ಇದೆಯೇ ಎಂದು ನೋಡಿಸಿ. ಇಲ್ಲದವರಿಗೆ ನಮೂನೆ 6 ತುಂಬಲು ಅರ್ಧ ದಿನ ಬಿಡುವು ಕೊಡಿ. ಫಿಲಿಪ್ಪೀನ್ಸಿನ ಎಣಿಕೆ ಪಟ್ಟಿಯಂತಹುದು ನಮ್ಮಲ್ಲಿಯೂ ಇದೆ: ಮತದಾನ ಮುಗಿದೊಡನೆ ಮತಗಟ್ಟೆಯ ಅಧಿಕಾರಿ, ಎಷ್ಟು ಮತ ದಾಖಲಾಯಿತೆಂಬ ನಮೂನೆ 17ಸಿಯ ಪ್ರತಿಯನ್ನು ಹಾಜರಿರುವ ಪ್ರತಿ ಏಜೆಂಟರಿಗೆ ಕೊಡಬೇಕು. ಆದರೆ ಅದು ಸಿಗುವುದು ಅಭ್ಯರ್ಥಿಗಳ ಏಜೆಂಟರಿಗೆ ಮಾತ್ರ. ಪಕ್ಷಾತೀತ ನಾಗರಿಕ ಸಂಘಟನೆಗಳಿಗೂ ಒಂದು ಪ್ರತಿ ಸಿಗಲಿ ಎಂದು ನಿಮ್ಮ ಕೈಗಾರಿಕಾ ಸಂಘದವರು ಚುನಾವಣಾ ಆಯೋಗಕ್ಕೆ ಮನವಿ ಬರೆಯಬಹುದು. 1916ರಲ್ಲಿ ಮೈಸೂರು ವಾಣಿಜ್ಯ ಮಂಡಳಿಯಾಗಿ ಹುಟ್ಟಿದ ಇಂದಿನ ಎಫ್‌ಕೆಸಿಸಿಐ ವಿದ್ಯುತ್ ದರ, ತೆರಿಗೆಗಳ ಬಗ್ಗೆ ಸರ್ಕಾರಕ್ಕೆ ಬರೆಯುತ್ತಲೇ ಬಂದಿದೆ. ಇಂತಹ ಮನವಿಗೂ ಅದೇ ಕಾಗದ, ಅದೇ ಮೊಹರು ಸಾಕು.

ದೇಣಿಗೆಯ ವಿಷಯ ನೀವು ಕೇಳಿಲ್ಲ, ಆದರೂ ಒಂದು ದಿನ ಯಾರಾದರೂ ನಿಮ್ಮ ಬಾಗಿಲಿಗೆ ಬರುತ್ತಾರೆ. ನಿಮ್ಮದು ನೋಂದಾಯಿತ ಕಂಪನಿಯಾಗಿದ್ದರೆ, ಸ್ಥಾಪನೆಯಾಗಿ ಮೂರು ವರ್ಷವಾಗುವವರೆಗೆ ಯಾವ ಪಕ್ಷಕ್ಕೂ ಕೊಡುವಂತಿಲ್ಲ. ಆಮೇಲೆಯೂ ನಿರ್ದೇಶಕ ಮಂಡಳಿಯ ನಿರ್ಣಯ ಬೇಕು. 2017ರಲ್ಲಿ ತೆಗೆದುಹಾಕಿದ್ದ ಮಿತಿ, ಅಂದರೆ ಹಿಂದಿನ ಮೂರು ವರ್ಷಗಳ ಸರಾಸರಿ ನಿವ್ವಳ ಲಾಭದ ಶೇ 7.5, ನ್ಯಾಯಾಲಯದ 2024ರ ತೀರ್ಪಿನಿಂದ ಮತ್ತೆ ಜೀವ ಪಡೆದಿದೆ. ಯಾವ ಪಕ್ಷಕ್ಕೆ ಎಷ್ಟು ಕೊಟ್ಟಿರೆಂದು ಲಾಭ–ನಷ್ಟದ ಲೆಕ್ಕದಲ್ಲಿ ಹೆಸರು ಸಮೇತ ತೋರಿಸಬೇಕು. ಬಂದವರು ‘ಚೀಟಿ ಬೇಡ, ಕೈಯಲ್ಲೇ ಕೊಡಿ’ ಎಂದರೆ, ನಮ್ಮ ಲೆಕ್ಕ ಪರಿಶೋಧಕರು ಒಪ್ಪುವುದಿಲ್ಲ ಎಂದು ಹೇಳಿ ಕಳುಹಿಸಿ.