ತಡೆಯಾಜ್ಞೆ ಸಿಕ್ಕರೆ ಹುದ್ದೆ ಉಳಿದಂತೆಯೇ?

ಪ್ರಶ್ನೆ: ಪಶ್ಚಿಮ ಬಂಗಾಳದಲ್ಲಿ ನೇಮಕಾತಿ ರದ್ದಾದ ಶಿಕ್ಷಕರು ಸುಪ್ರೀಂ ಕೋರ್ಟಿನ ಆದೇಶದ ಬಲದಿಂದ ಪಾಠ ಮುಂದುವರಿಸಿದರೆಂದು ಓದಿದೆ. ನೇಮಕಾತಿಯೇ ತಪ್ಪೆಂದ ಮೇಲೆ ಇದು ಹೇಗೆ ಸಾಧ್ಯ? ಹೀಗೆ ದುಡಿದವರಿಗೆ ಹುದ್ದೆಯ ಮೇಲೆ ಹಕ್ಕು ಬರುತ್ತದೆಯೇ? ಸಂಬಳ ಹಿಂದಿರುಗಿಸಬೇಕೇ?
– ಶಿಕ್ಷಕಿ, ಧಾರವಾಡ

ಉತ್ತರ: ಹಕ್ಕು ಬರುವುದಿಲ್ಲ. ಆದರೆ ಅಲ್ಲಿ ಎರಡು ಬಗೆಯ ರಕ್ಷಣೆ ಸಿಕ್ಕಿತ್ತು, ಅವುಗಳನ್ನು ಬೇರೆ ಬೇರೆಯಾಗಿಯೇ ನೋಡಬೇಕು.

2016ರ ನೇಮಕಾತಿಯ 25,753 ಶಿಕ್ಷಕ ಮತ್ತು ಶಿಕ್ಷಕೇತರ ಹುದ್ದೆಗಳ ನೇಮಕವನ್ನು ಕಲ್ಕತ್ತಾ ಹೈಕೋರ್ಟ್ 2024ರ ಏಪ್ರಿಲ್ 22ರಂದು ರದ್ದುಪಡಿಸಿತು. ಮೇಲ್ಮನವಿಯ ವಿಚಾರಣೆ ಬಾಕಿಯಿರುವಾಗ, ಮೇ 7ರಂದು ಸುಪ್ರೀಂ ಕೋರ್ಟ್ ಆ ತೀರ್ಪಿಗೆ ತಡೆ ನೀಡಿತು. ಮೇಲ್ಮನವಿಯಲ್ಲಿ ಗೆದ್ದರೂ ಆ ಹೊತ್ತಿಗೆ ಶಾಲೆಯೂ ಸಂಬಳವೂ ಕೈತಪ್ಪಿರಬಾರದೆಂಬುದು ಇಂತಹ ತಡೆಯಾಜ್ಞೆಯ ಉದ್ದೇಶ. ನೇಮಕ ಅಕ್ರಮವೆಂದು ಮುಂದೆ ಸಾಬೀತಾದವರು ಪಡೆದ ಸಂಬಳವನ್ನು ಮರಳಿಸಬೇಕೆಂಬ ಷರತ್ತೂ ಅದರಲ್ಲಿತ್ತು.

ಸುಮಾರು ಹನ್ನೊಂದು ತಿಂಗಳ ನಂತರ, 2025ರ ಏಪ್ರಿಲ್ 3ರಂದು, ಇಡೀ ಆಯ್ಕೆ ಪ್ರಕ್ರಿಯೆಯೇ ಸರಿಪಡಿಸಲಾಗದಷ್ಟು ಕೆಟ್ಟಿದೆಯೆಂದು ಸುಪ್ರೀಂ ಕೋರ್ಟ್ ಹೇಳಿ ರದ್ದತಿಯನ್ನು ಎತ್ತಿಹಿಡಿಯಿತು. ಅಂತಿಮ ತೀರ್ಪು ಬಂದೊಡನೆ ತಡೆಯಾಜ್ಞೆಯ ಆಯುಷ್ಯ ಮುಗಿಯಿತು. ಕಳಂಕಿತರೆಂದು ಗುರುತಿಸಲ್ಪಟ್ಟವರು ಸಂಬಳ ಮರಳಿಸಬೇಕಾಯಿತು. ಉಳಿದವರಿಂದ ವಸೂಲಿ ಬೇಡವೆಂದು ನ್ಯಾಯಾಲಯ ಹೇಳಿತು. ಇದು ನ್ಯಾಯವಾದ ಮಾತು. ತನ್ನ ತಪ್ಪಿಲ್ಲದೆ ಕೆಲಸ ಕಳೆದುಕೊಂಡ ಮೇಷ್ಟ್ರು ತರಗತಿಯಲ್ಲಿ ನಿಂತು ದುಡಿದ ದಿನಗಳ ಕೂಲಿಯನ್ನೂ ಕಳೆದುಕೊಳ್ಳಬಾರದು.

ಎರಡನೆಯ ರಕ್ಷಣೆ ಸಿಕ್ಕಿದ್ದು ಏಪ್ರಿಲ್ 17ರಂದು. ನಡುವರ್ಷದಲ್ಲಿ ಶಿಕ್ಷಕರಿಲ್ಲದೆ ಮಕ್ಕಳ ಓದು ಹಾಳಾಗಬಾರದೆಂಬ ಕಾರಣಕ್ಕೆ, ರಾಜ್ಯದ ಮಾಧ್ಯಮಿಕ ಶಿಕ್ಷಣ ಮಂಡಳಿಯ ಕೋರಿಕೆಯ ಮೇರೆಗೆ, 9ರಿಂದ 12ನೇ ತರಗತಿಯ ಕಳಂಕರಹಿತ ಸಹಾಯಕ ಶಿಕ್ಷಕರು 2025ರ ಡಿಸೆಂಬರ್ 31ರವರೆಗೆ ಮುಂದುವರಿಯಲು ನ್ಯಾಯಾಲಯ ಅನುಮತಿಸಿತು. ಮೇ 31ರೊಳಗೆ ಹೊಸ ನೇಮಕಾತಿಯ ಪ್ರಕಟಣೆ ಹೊರಡಬೇಕೆಂದೂ ಆದೇಶಿಸಿತು. ಈ ಅವಕಾಶದಿಂದ ವಿಶೇಷ ಹಕ್ಕೇನೂ ಹುಟ್ಟುವುದಿಲ್ಲವೆಂದು ಸ್ಪಷ್ಟಪಡಿಸಿತು. ಅಂದರೆ ಮೊದಲ ಆದೇಶ ಕಾದದ್ದು ಶಿಕ್ಷಕರ ವ್ಯಾಜ್ಯವನ್ನು, ಎರಡನೆಯದು ಕಾದದ್ದು ಮಕ್ಕಳ ಪಾಠವನ್ನು. ‘ಸಿ’ ಮತ್ತು ‘ಡಿ’ ವರ್ಗದ ಶಿಕ್ಷಕೇತರ ನೌಕರರಿಗೆ ಈ ಅವಕಾಶ ದಕ್ಕಲಿಲ್ಲ. ಅವರ ನೇಮಕಾತಿಯಲ್ಲಿ ಅಕ್ರಮ ಹೆಚ್ಚೆಂಬುದು ನ್ಯಾಯಾಲಯದ ಕಾರಣವಾಗಿದ್ದರೂ, ಅವರೊಳಗಿದ್ದ ಪ್ರಾಮಾಣಿಕರ ಸಂಕಟ ನನ್ನನ್ನು ಇಂದಿಗೂ ಕಾಡುತ್ತದೆ.

ನಿಮ್ಮ ಪರಿಚಿತರಲ್ಲಿ ಯಾರಾದರೂ ಇಂತಹ ಮಧ್ಯಂತರ ಆದೇಶದ ಮೇಲೆ ಕೆಲಸದಲ್ಲಿದ್ದರೆ, ಆದೇಶದ ದೃಢೀಕೃತ ಪ್ರತಿಯನ್ನು ಪಡೆದು, ಅದು ಯಾರಿಗೆ, ಎಲ್ಲಿಯವರೆಗೆ, ಯಾವ ಷರತ್ತಿನ ಮೇಲೆ ಅನ್ವಯಿಸುತ್ತದೆಂದು ವಕೀಲರೊಡನೆ ಕೂತು ಓದಲಿ. ಸಂಬಳ ಮರಳಿಸುವ ಮುಚ್ಚಳಿಕೆ ಬರೆದುಕೊಟ್ಟಿದ್ದರೆ ಅದರ ಪ್ರತಿಯನ್ನೂ ಜೋಪಾನವಾಗಿಡಲಿ. ಹೊಸ ಪ್ರಕಟಣೆ ಹೊರಟರೆ, ಮೊಕದ್ದಮೆ ಇತ್ಯರ್ಥವಾಗಲಿ ಎಂದು ಕಾಯದೆ, ಕೊನೆಯ ದಿನಾಂಕದೊಳಗೆ ಅರ್ಜಿ ಹಾಕಲಿ.